ರಸ್ತೆ ಅಪಘಾತದಲ್ಲಿ ಮಡಿದವರ ಕುಟುಂಬಗಳಿಗೆ ಪರಿಹಾರ: ನಾಸಿಕ್ ಮತ್ತು ಛತ್ರಪತಿ ಸಂಭಾಜಿನಗರ

ಮೋಟಾರು ವಾಹನ ಅಪಘಾತದಲ್ಲಿ ಒಬ್ಬರು ಸತ್ತಾಗ, ಅವರ ದುಡಿಮೆಯನ್ನೂ ಆರೈಕೆಯನ್ನೂ ನೆಚ್ಚಿಕೊಂಡಿದ್ದ ಮನೆಯವರಿಗೆ ಸಲ್ಲಬೇಕಾದ ಹಣವೇ ಪರಿಹಾರ. ಭಾರತದಲ್ಲಿ ಇಂಥ ಮನೆಗಳಿಗೆ ಹಣ ಎರಡು ಕಡೆಯಿಂದ ಬರುತ್ತದೆ. ಒಂದು, ದೊಡ್ಡ ಅಪಘಾತ ನಡೆದ ದಿನವೇ ಮುಖ್ಯಮಂತ್ರಿ ಮತ್ತು ಪ್ರಧಾನಿ ಘೋಷಿಸುವ ನೆರವು. ಇನ್ನೊಂದು, 1988ರ ಮೋಟಾರು ವಾಹನ ಕಾಯ್ದೆಯಡಿ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿ ಲೆಕ್ಕ ಹಾಕಿ ಕೊಡಿಸುವ ಪರಿಹಾರ. ಮೊದಲನೆಯದು ಸರ್ಕಾರದ ಅನುಕಂಪ, ಎರಡನೆಯದು ಕುಟುಂಬದ ಹಕ್ಕು. ಪತ್ರಿಕೆಗಳ ತಲೆಬರಹದಲ್ಲಿ ಕಾಣಿಸಿಕೊಳ್ಳುವುದು ಮೊದಲನೆಯದೇ ಆದ್ದರಿಂದ ಪರಿಹಾರವೆಂದರೆ ಅಷ್ಟೇ ಎಂಬ ತಿಳಿವಳಿಕೆ ಜನರಲ್ಲಿ ಬೇರೂರಿದೆ. ಉತ್ತರ ಮಹಾರಾಷ್ಟ್ರದ ನಾಸಿಕ್ ಮತ್ತು 2023ರವರೆಗೆ ಔರಂಗಾಬಾದ್ ಎನಿಸಿಕೊಂಡಿದ್ದ ಮರಾಠವಾಡದ ಛತ್ರಪತಿ ಸಂಭಾಜಿನಗರ ಜಿಲ್ಲೆಗಳ ಕೆಲವು ಅಪಘಾತಗಳನ್ನು ಹಿಡಿದು ಲೆಕ್ಕ ಹಾಕಿದರೆ, ಹಕ್ಕಿನ ಹಣ ನೆರವಿನ ಹಣದ ಮೂರು ಪಟ್ಟಿಗೂ ಮೀರಬಲ್ಲದು ಎಂಬುದು ಗೊತ್ತಾಗುತ್ತದೆ. ಅದು ಕೈತಪ್ಪಲು ಮುಖ್ಯ ಕಾರಣವೂ ಸ್ಪಷ್ಟವಾಗಿದೆ: ಪೊಲೀಸರು ಮತ್ತು ವಿಮಾ ಕಂಪನಿಗಳು ಮಾಡಬೇಕೆಂದು ಕಾನೂನು ವಿಧಿಸಿರುವ ಕೆಲಸವನ್ನು ಸಾವಿನ ಮನೆಯವರೇ ಓಡಾಡಿ ಮಾಡಿಕೊಳ್ಳಬೇಕಾಗಿದೆ.

ಈ ಎರಡು ಜಿಲ್ಲೆಗಳ ರಸ್ತೆಗಳ ಮೇಲೆ ಯಾತ್ರೆಯ ಹೊರೆಯೂ ಸರಕಿನ ಹೊರೆಯೂ ಒಟ್ಟಿಗೆ ಬೀಳುತ್ತವೆ. ತ್ರ್ಯಂಬಕೇಶ್ವರ, ವಣಿಯ ಸಪ್ತಶೃಂಗಿ, ವೇರುಳದ ಘೃಷ್ಣೇಶ್ವರಗಳಿಗೂ ಪಕ್ಕದ ಅಹಿಲ್ಯಾನಗರ ಜಿಲ್ಲೆಯ ಶಿರಡಿಗೂ ಹೋಗುವ ಬಾಡಿಗೆ ಬಸ್ಸುಗಳು, ಲಾಸಲಗಾಂವ್‌ನ ಈರುಳ್ಳಿ ಲಾರಿಗಳು, ವಾಳುಜ್ ಕೈಗಾರಿಕಾ ಪ್ರದೇಶದ ಕಂಟೇನರುಗಳು ಎಲ್ಲವೂ ಇಲ್ಲಿ ಒಂದೇ ದಾರಿ ಹಂಚಿಕೊಳ್ಳುತ್ತವೆ. 2020ರ ಜನವರಿ 28ರಂದು ದೇವಳಾ ತಾಲೂಕಿನಲ್ಲಿ ರಾಜ್ಯ ಸಾರಿಗೆಯ ಬಸ್ಸೂ ಆಟೊರಿಕ್ಷಾವೂ ಡಿಕ್ಕಿಯಾಗಿ ರಸ್ತೆಬದಿಯ ಬಾವಿಗೆ ಬಿದ್ದು ಇಪ್ಪತ್ತಕ್ಕೂ ಹೆಚ್ಚು ಜನ ಸತ್ತರು. 2022ರ ಅಕ್ಟೋಬರ್ 8ರ ನಸುಕಿನಲ್ಲಿ ಯವತ್ಮಾಳದಿಂದ ಮುಂಬೈಗೆ ಹೊರಟಿದ್ದ ಖಾಸಗಿ ಸ್ಲೀಪರ್ ಬಸ್ಸು ನಾಸಿಕ್ ನಗರದ ಔರಂಗಾಬಾದ್ ರಸ್ತೆಯಲ್ಲಿ ಲಾರಿಗೆ ಡಿಕ್ಕಿ ಹೊಡೆದು ಹೊತ್ತಿ ಉರಿಯಿತು. 12 ಜನ ಸತ್ತರು. 2023ರ ಜನವರಿ 13ರಂದು ಸಿನ್ನರ್ ತಾಲೂಕಿನ ಪಾಥರೆ ಬಳಿ ಶಿರಡಿಗೆ ಹೊರಟಿದ್ದ ಬಸ್ಸು ಲಾರಿಗೆ ಡಿಕ್ಕಿಯಾಗಿ 10 ಜನ ಸತ್ತರು. ಎರಡೂ ಜಿಲ್ಲೆಗಳನ್ನು ಒಂದೇ ದುಃಖದಲ್ಲಿ ಕಟ್ಟಿಹಾಕಿದ್ದು ಅದೇ ವರ್ಷದ ಅಕ್ಟೋಬರ್ 15ರ ಅಪಘಾತ. ಬುಲ್ಢಾಣಾ ಜಿಲ್ಲೆಯ ಸೈಲಾನಿ ಬಾಬಾ ದರ್ಗಾಕ್ಕೆ ಹೋಗಿ ನಾಸಿಕ್‌ಗೆ ಮರಳುತ್ತಿದ್ದವರ ಮಿನಿ ಬಸ್ಸು ಸಮೃದ್ಧಿ ಮಹಾಮಾರ್ಗದಲ್ಲಿ, ಸಂಭಾಜಿನಗರ ಜಿಲ್ಲೆಯ ವೈಜಾಪುರದ ಬಳಿ, ಮಧ್ಯರಾತ್ರಿಯ ಹೊತ್ತಿಗೆ ಲಾರಿಯೊಂದಕ್ಕೆ ಹಿಂದಿನಿಂದ ಗುದ್ದಿತು. 12 ಜನ ಸತ್ತರು, 20ಕ್ಕೂ ಹೆಚ್ಚು ಜನ ಗಾಯಗೊಂಡರು. ಲಾರಿಯನ್ನು ತಪಾಸಣೆಗೆಂದು ರಸ್ತೆಯಲ್ಲೇ ನಿಲ್ಲಿಸಿದ್ದರೆಂಬ ಆರೋಪದ ಮೇಲೆ ಸಾರಿಗೆ ಇಲಾಖೆಯ ಇಬ್ಬರು ಅಧಿಕಾರಿಗಳ ಬಂಧನವೂ ಆಯಿತು.

ವೈಜಾಪುರದ ಘಟನೆಯಲ್ಲೂ ಅದರ ಹಿಂದಿನ ವರ್ಷದ ನಾಸಿಕ್ ಬೆಂಕಿ ದುರಂತದಲ್ಲೂ ಘೋಷಣೆಯ ಮೊತ್ತ ಒಂದೇ: ಮೃತರ ಕುಟುಂಬಕ್ಕೆ ರಾಜ್ಯದಿಂದ 5 ಲಕ್ಷ, ಪ್ರಧಾನಮಂತ್ರಿ ಪರಿಹಾರ ನಿಧಿಯಿಂದ 2 ಲಕ್ಷ ರೂಪಾಯಿ. ಈ 7 ಲಕ್ಷ ಬೇಗ ಬರುತ್ತದೆ, ತಪ್ಪು ಯಾರದೆಂದು ಕೇಳುವುದಿಲ್ಲ, ಸತ್ತವರು ಏನು ದುಡಿಯುತ್ತಿದ್ದರು ಎಂದೂ ಕೇಳುವುದಿಲ್ಲ. ಅಂತ್ಯಕ್ರಿಯೆಯ ಖರ್ಚು, ಆಸ್ಪತ್ರೆಯ ಬಾಕಿ, ಮಕ್ಕಳ ಆ ವರ್ಷದ ಶಾಲೆಯ ಶುಲ್ಕ ಇದರಿಂದ ನಡೆದೀತು. ಹಾಗಾಗಿ ಇದನ್ನು ಹೀಗಳೆಯುವಂತಿಲ್ಲ. ಆದರೆ ಇದು ಸಿಗುವುದು ಒಟ್ಟಿಗೆ ಹಲವರು ಸತ್ತು ಸುದ್ದಿಯಾದಾಗ ಮಾತ್ರ. ಕೇಂದ್ರ ಸಾರಿಗೆ ಸಚಿವಾಲಯದ ವರದಿಯಂತೆ 2022ರಲ್ಲಿ ದೇಶದ ರಸ್ತೆಗಳಲ್ಲಿ ಸತ್ತವರು 1,68,491 ಮಂದಿ. ಮಹಾರಾಷ್ಟ್ರವೊಂದರಲ್ಲೇ 15,000ಕ್ಕೂ ಹೆಚ್ಚು. ಇವರಲ್ಲಿ ಬಹುಪಾಲು ಜನ ಬೈಕಿನ ಮೇಲೋ ರಸ್ತೆ ದಾಟುವಾಗಲೋ ಒಬ್ಬೊಬ್ಬರಾಗಿ ಸತ್ತವರು. ಸಂಜೆ ಸೈಕಲ್ಲಿನಲ್ಲಿ ಮನೆಗೆ ಹೊರಟ ವಾಳುಜ್‌ನ ಗುತ್ತಿಗೆ ಕಾರ್ಮಿಕ ಲಾರಿಗೆ ಸಿಕ್ಕಿ ಸತ್ತರೆ ಮುಖ್ಯಮಂತ್ರಿಯ ಘೋಷಣೆ ಬರುವುದಿಲ್ಲ. ಆ ಮನೆಗೆ ಉಳಿದಿರುವುದು ಕಾಯ್ದೆಯ ದಾರಿ ಮಾತ್ರ.

ಆ ದಾರಿ ಹಳೆಯದು. 1855ರ ಮಾರಕ ಅಪಘಾತಗಳ ಕಾಯ್ದೆ ಮೃತರ ಹತ್ತಿರದ ಬಂಧುಗಳಿಗೆ ದಾವೆ ಹೂಡುವ ಹಕ್ಕು ಕೊಟ್ಟಿತು. 1939ರ ಮೋಟಾರು ವಾಹನ ಕಾಯ್ದೆ ಮೂರನೆಯವರ ಹಾನಿಗೆ ವಿಮೆಯನ್ನು ಕಡ್ಡಾಯ ಮಾಡಿತು. 1988ರ ಕಾಯ್ದೆ ಅದರ ಸ್ಥಾನಕ್ಕೆ ಬಂತು. ಅದರ 168ನೇ ಸೆಕ್ಷನ್ ನ್ಯಾಯಮಂಡಳಿ ಕೊಡಿಸಬೇಕಾದದ್ದು ನ್ಯಾಯಯುತವಾದ ಪರಿಹಾರ ಎಂದಷ್ಟೇ ಹೇಳಿ ಲೆಕ್ಕವನ್ನು ನ್ಯಾಯಾಧೀಶರಿಗೆ ಬಿಟ್ಟಿತು. ಒಂದೇ ವಯಸ್ಸಿನ, ಒಂದೇ ಸಂಬಳದ ಇಬ್ಬರ ಸಾವಿಗೆ ಎರಡು ಊರುಗಳಲ್ಲಿ ಎರಡು ಮೊತ್ತ ಬರುತ್ತಿದ್ದ ಗೊಂದಲವನ್ನು ನಿವಾರಿಸಿದ್ದು ಸುಪ್ರೀಂ ಕೋರ್ಟಿನ ಎರಡು ತೀರ್ಪುಗಳು: 2009ರ ಸರಳಾ ವರ್ಮಾ ಪ್ರಕರಣ ಮತ್ತು 2017ರ ಅಕ್ಟೋಬರ್ 31ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ತೀರ್ಮಾನಿಸಿದ ಪ್ರಣಯ್ ಸೇಠಿ ಪ್ರಕರಣ. ಇಂದು ದೇಶದ ಯಾವ ನ್ಯಾಯಮಂಡಳಿಯಲ್ಲಾದರೂ ನಡೆಯುವ ಲೆಕ್ಕ ಇವೆರಡರ ಮೇಲೆ ನಿಂತಿದೆ.

ಲೆಕ್ಕವನ್ನು ಒಮ್ಮೆ ಪೂರ್ತಿ ಮಾಡಿ ನೋಡುವುದು ಒಳ್ಳೆಯದು. ಹೆಚ್ಚಿನ ಕುಟುಂಬಗಳಿಗೆ ಇದನ್ನು ಯಾರೂ ತೋರಿಸಿರುವುದಿಲ್ಲ. 35 ವರ್ಷದ, ತಿಂಗಳಿಗೆ 12,000 ರೂಪಾಯಿ ಗಳಿಸುತ್ತಿದ್ದ ಸ್ವಂತ ಉದ್ಯೋಗದ ವ್ಯಕ್ತಿಯೊಬ್ಬ ಸತ್ತ, ಅವನಿಗೆ ಹೆಂಡತಿ, ಇಬ್ಬರು ಮಕ್ಕಳು ಮತ್ತು ತಾಯಿ ಇದ್ದಾರೆ ಎಂದಿಟ್ಟುಕೊಳ್ಳೋಣ. ಬದುಕಿದ್ದರೆ ಆದಾಯ ಏರುತ್ತಿತ್ತು ಎಂಬ ಕಾರಣಕ್ಕೆ 40 ವರ್ಷದೊಳಗಿನ ಸ್ವಂತ ಉದ್ಯೋಗದವರಿಗೆ ಶೇ 40 ಸೇರಿಸುತ್ತಾರೆ. ಕಾಯಂ ನೌಕರರಾದರೆ ಶೇ 50. ಅಲ್ಲಿಗೆ 16,800 ಆಯಿತು. ನಾಲ್ವರಿಂದ ಆರು ಮಂದಿ ಅವಲಂಬಿತರಿದ್ದರೆ ಮೃತನ ಸ್ವಂತ ಖರ್ಚೆಂದು ನಾಲ್ಕನೇ ಒಂದು ಪಾಲು ಕಳೆಯುತ್ತಾರೆ. ಉಳಿದ 12,600 ವರ್ಷಕ್ಕೆ 1,51,200 ಆಗುತ್ತದೆ. 31ರಿಂದ 35ರ ವಯೋಮಾನಕ್ಕೆ ಗುಣಕ 16. ಗುಣಿಸಿದರೆ 24,19,200 ರೂಪಾಯಿ. ಇದರ ಮೇಲೆ ಸಾಂಗತ್ಯ ನಷ್ಟ, ಆಸ್ತಿ ನಷ್ಟ, ಅಂತ್ಯಕ್ರಿಯೆ ಎಂಬ ತಲೆಬರಹಗಳಡಿ ನಿಗದಿತ ಮೊತ್ತಗಳಿವೆ. 2017ರಲ್ಲಿ ಅವು 40,000, 15,000 ಮತ್ತು 15,000 ಇದ್ದವು. ಮೂರು ವರ್ಷಕ್ಕೊಮ್ಮೆ ಶೇ 10 ಏರಬೇಕೆಂದು ಅದೇ ತೀರ್ಪು ಹೇಳಿದೆ. ಎರಡು ಏರಿಕೆಯ ನಂತರ ಸಾಂಗತ್ಯದ ಮೊತ್ತ 48,400. 2018ರಿಂದ ಅದು ಹೆಂಡತಿಗೆ ಮಾತ್ರವಲ್ಲದೆ ಮಕ್ಕಳಿಗೂ ತಂದೆತಾಯಿಗೂ ಪ್ರತ್ಯೇಕವಾಗಿ ಸಲ್ಲುತ್ತದೆ. ಎಲ್ಲ ಕೂಡಿದರೆ 26 ಲಕ್ಷ ದಾಟುತ್ತದೆ, ಬಡ್ಡಿ ಬೇರೆ. ಘೋಷಣೆಯ 7 ಲಕ್ಷವನ್ನು ಇದರ ಪಕ್ಕದಲ್ಲಿಟ್ಟು ನೋಡಬೇಕು. ಸರ್ಕಾರದ ನೆರವು ಪಡೆದ ಮಾತ್ರಕ್ಕೆ ಈ ಹಕ್ಕು ಹೋಗುವುದಿಲ್ಲ. ಮಹಾರಾಷ್ಟ್ರ ರಾಜ್ಯ ರಸ್ತೆ ಸಾರಿಗೆ ನಿಗಮದ ವಿರುದ್ಧದ ಪ್ರಕರಣವೊಂದರಲ್ಲಿಯೇ, ಮೃತರ ಜೀವವಿಮೆಯ ಹಣವನ್ನು ಪರಿಹಾರದಿಂದ ಕಳೆಯಬಾರದೆಂದು ಸುಪ್ರೀಂ ಕೋರ್ಟ್ ತೊಂಬತ್ತರ ದಶಕದ ಕೊನೆಯಲ್ಲಿ ಹೇಳಿಯಾಗಿದೆ.

ಈ ಲೆಕ್ಕದ ಇಡೀ ಕಟ್ಟಡ ನಿಂತಿರುವುದು ಮೊದಲ ಅಂಕಿಯ ಮೇಲೆ, ಅಂದರೆ ತಿಂಗಳ ಆದಾಯದ ಮೇಲೆ. 12,000 ಎಂದು ಸಾಬೀತು ಮಾಡಲಾಗದೆ ನ್ಯಾಯಮಂಡಳಿ 8,000 ಎಂದು ಊಹಿಸಿಕೊಂಡಿತೆನ್ನಿ: 24,19,200 ಇದ್ದದ್ದು 16,12,800ಕ್ಕೆ ಇಳಿಯುತ್ತದೆ. ಕಳೆದುಹೋಗುವ 8,06,400 ರೂಪಾಯಿ ಎರಡೂ ಸರ್ಕಾರಗಳ ಒಟ್ಟು ನೆರವಿಗಿಂತ ಹೆಚ್ಚು. ಸಂಬಳದ ಚೀಟಿ ಇರುವ ನೌಕರನ ಮನೆಗೆ ಈ ಕಷ್ಟವಿಲ್ಲ. ನಿಫಾಡ್, ದಿಂಡೋರಿಗಳ ದ್ರಾಕ್ಷಿ ತೋಟದಲ್ಲಿ ದಿನಗೂಲಿಗೆ ಹೋಗುವವರಿಗೆ, ಮರಾಠವಾಡದಿಂದ ಕಬ್ಬು ಕಡಿಯಲು ವಲಸೆ ಹೋಗುವ ಜೋಡಿಗಳಿಗೆ, ತಳ್ಳುಗಾಡಿಯವರಿಗೆ ಯಾವ ಚೀಟಿಯೂ ಇರುವುದಿಲ್ಲ. ಈರುಳ್ಳಿ ಬೆಳೆಗಾರನಾದರೆ ಸಾತ್‌ಬಾರಾ ಪಹಣಿಯೂ ಮಾರುಕಟ್ಟೆಯ ವ್ಯಾಪಾರಿ ಕೊಟ್ಟ ಹಿಶೋಬ್ ಪಟ್ಟಿಯೂ ಇದ್ದೀತು. ಅಲ್ಲೂ ಜಮೀನು ವಾರಸುದಾರರ ಬಳಿಯೇ ಉಳಿದಿದೆ, ಹೋದದ್ದು ಮೇಲ್ವಿಚಾರಣೆ ಮಾತ್ರ ಎಂಬ ವಾದಕ್ಕೆ ನ್ಯಾಯಾಲಯಗಳು ಮನ್ನಣೆ ಕೊಟ್ಟಿವೆ. ಬೆಳಗಿನ ಜಾವ ನೀರು ಹಾಯಿಸುವವನು, ಔಷಧಿ ಹೊಡೆಯುವವನು, ಮಾರುಕಟ್ಟೆಗೆ ಟ್ರಾಕ್ಟರು ಒಯ್ಯುವವನು ಒಬ್ಬನೇ ಆಗಿದ್ದ ಎರಡು ಎಕರೆಯ ಹಿಡುವಳಿಗೆ ಈ ವಾದ ಅನ್ವಯಿಸುವುದು ಸರಿಯಲ್ಲ. ಆ ಜಮೀನಿನ ಆದಾಯವೆಂದರೆ ಅವನ ದುಡಿಮೆಯೇ. ಮನೆವಾರ್ತೆಯ ಹೆಂಗಸರ ವಿಷಯದಲ್ಲಿ ನ್ಯಾಯಾಲಯದ ದೃಷ್ಟಿ ಸುಧಾರಿಸಿದೆ. 2021ರ ಜನವರಿಯ ತೀರ್ಪೊಂದರಲ್ಲಿ ನ್ಯಾಯಮೂರ್ತಿ ಎನ್.ವಿ. ರಮಣ ಅವರು 2019ರ ಸಮಯ ಬಳಕೆ ಸಮೀಕ್ಷೆಯನ್ನು ಆಧರಿಸಿದರು. ಹೆಂಗಸರು ದಿನಕ್ಕೆ ಸರಾಸರಿ 299 ನಿಮಿಷ ಸಂಬಳವಿಲ್ಲದ ಮನೆಗೆಲಸ ಮಾಡಿದರೆ ಗಂಡಸರು ಮಾಡುವುದು 97 ನಿಮಿಷ. ಆ ದುಡಿಮೆಗೆ ಆದಾಯ ಕಟ್ಟುವುದು ಘನತೆಯನ್ನು ಗುರುತಿಸಿದಂತೆ ಎಂಬುದು ಅವರ ನಿಲುವು. ಕರ್ನಾಟಕದಲ್ಲಿ ಲೋಕ ಅದಾಲತ್‌ಗಳಿಗಾಗಿ ರಾಜ್ಯ ಕಾನೂನು ಸೇವಾ ಪ್ರಾಧಿಕಾರ ವರ್ಷವಾರು ಅಂದಾಜು ಆದಾಯದ ಪಟ್ಟಿ ಮಾಡಿದೆ. ದಾಖಲೆ ಇಲ್ಲದ ಪ್ರಕರಣಗಳಲ್ಲಿ ಹೈಕೋರ್ಟ್ ಅದನ್ನೇ ಅನುಸರಿಸುತ್ತ ಬಂದಿದೆ. ಕಾಗದವಿಲ್ಲದ ಬಡವನ ಆದಾಯ ನ್ಯಾಯಾಧೀಶರಿಂದ ನ್ಯಾಯಾಧೀಶರಿಗೆ ಬದಲಾಗದಂತೆ ನೋಡಿಕೊಳ್ಳಲು ಇಂಥ ಪಟ್ಟಿ ಎಲ್ಲ ರಾಜ್ಯಗಳಲ್ಲೂ ಇರಬೇಕು.

ಇಲ್ಲಿ ಏಳುವ ಮೊದಲ ಆಕ್ಷೇಪ ಗಂಭೀರವಾದದ್ದು: ಒಂದೇ ಬಸ್ಸಿನಲ್ಲಿ ಅಕ್ಕಪಕ್ಕ ಕೂತು ಸತ್ತ ಎಂಜಿನಿಯರನ ಮನೆಗೆ ಕೋಟಿ, ಕೂಲಿಯವನ ಮನೆಗೆ ಹದಿನೈದು ಲಕ್ಷ ಎಂದರೆ ಜೀವಕ್ಕೂ ಜೀವಕ್ಕೂ ಬೆಲೆಯ ವ್ಯತ್ಯಾಸ ಮಾಡಿದಂತಲ್ಲವೇ? ಎಲ್ಲರಿಗೂ ಒಂದೇ ಮೊತ್ತ ಕೊಡುವ ಸರ್ಕಾರದ ನೆರವೇ ಹೆಚ್ಚು ನ್ಯಾಯವಲ್ಲವೇ? ಜೀವಕ್ಕೆ ಬೆಲೆ ಕಟ್ಟುವುದು ಈ ಲೆಕ್ಕದ ಉದ್ದೇಶವಲ್ಲ. ಆ ಮನೆ ಮುಂದಿನ ವರ್ಷಗಳಲ್ಲಿ ಏನನ್ನು ಕಾಣುತ್ತಿತ್ತೋ ಅದನ್ನು ತುಂಬಿಕೊಡುವುದು ಉದ್ದೇಶ. ಸಾಲದ ಕಂತು, ಮಕ್ಕಳ ಓದು ಆ ಆದಾಯದ ಲೆಕ್ಕದಲ್ಲೇ ನಡೆಯುತ್ತಿದ್ದವು. ಸಾಂಗತ್ಯದಂಥ ಹಣದಲ್ಲಿ ಅಳೆಯಲಾಗದ ನಷ್ಟಕ್ಕೆ ಎಲ್ಲರಿಗೂ ಒಂದೇ ಮೊತ್ತವಿರುವುದೂ ಇದಕ್ಕೇ. ಎಲ್ಲರಿಗೂ ಸಮಾನ ಎಂದು ಕೊಡುವಾಗ ಮೊತ್ತ ಯಾವಾಗಲೂ ಕೆಳಮಟ್ಟದಲ್ಲಿ ನಿಲ್ಲುತ್ತದೆ, ಆಗ ಹೆಚ್ಚು ಕಳೆದುಕೊಳ್ಳುವುದು ಕೂಲಿಯವನ ಮನೆಯೇ: 7 ಲಕ್ಷಕ್ಕೆ ತೃಪ್ತವಾಗಿ 16 ಲಕ್ಷ ಬಿಟ್ಟುಕೊಡುತ್ತದೆ. ಸರಿಪಡಿಸಬೇಕಾದ ಅನ್ಯಾಯ ಇರುವುದು ಕೂಲಿಯವನ ಆದಾಯವನ್ನು ಕನಿಷ್ಠ ವೇತನಕ್ಕಿಂತ ಕಡಿಮೆಗೆ ಊಹಿಸುವುದರಲ್ಲಿ. ಮಕ್ಕಳ ಸಾವಿನಲ್ಲಿ ನುರಿತ ಕಾರ್ಮಿಕನ ಕನಿಷ್ಠ ವೇತನವನ್ನು ಆಧಾರವಾಗಿಡಬೇಕೆಂದು ಸುಪ್ರೀಂ ಕೋರ್ಟ್ 2025ರಲ್ಲಿ ಹೇಳಿರುವುದು ಈ ದಿಕ್ಕಿನ ಹೆಜ್ಜೆ.

ವೈಜಾಪುರದಂಥ ಅಪಘಾತದಲ್ಲಿ ಎರಡು ಕಾನೂನು ತೊಡಕುಗಳು ಎದುರಾಗುತ್ತವೆ. ಮಿನಿ ಬಸ್ಸಿನ ಚಾಲಕನ ತಪ್ಪೋ, ನಿಂತ ಲಾರಿಯದೋ, ನಿಲ್ಲಿಸಿದ ಅಧಿಕಾರಿಗಳದೋ ಎಂಬ ಜಗಳದಲ್ಲಿ ವಿಮಾ ಕಂಪನಿಗಳು ಒಬ್ಬರ ಮೇಲೊಬ್ಬರು ಹೊಣೆ ಹೊರಿಸುತ್ತವೆ. ಪ್ರಯಾಣಿಕರ ಕುಟುಂಬ ಇದರಲ್ಲಿ ಸಿಕ್ಕಿಬೀಳಬೇಕಿಲ್ಲ. ಹಲವರ ತಪ್ಪು ಕೂಡಿ ಅಪಘಾತವಾದಾಗ ಅವರಲ್ಲಿ ಯಾರೊಬ್ಬರಿಂದಲಾದರೂ ಪೂರ್ತಿ ಪರಿಹಾರ ವಸೂಲು ಮಾಡಬಹುದು, ತಮ್ಮ ತಮ್ಮ ಪಾಲನ್ನು ಅವರು ಆಮೇಲೆ ಬಗೆಹರಿಸಿಕೊಳ್ಳಲಿ ಎಂದು 2015ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಎರಡನೆಯ ತೊಡಕು ಇನ್ನೂ ಕಠಿಣ. ಯಾತ್ರೆಯ ಬಾಡಿಗೆ ವಾಹನಗಳಲ್ಲಿ ಸೀಟಿಗಿಂತ ಹೆಚ್ಚು ಜನ ಕೂರುವುದು ಸಾಮಾನ್ಯ. ಪರ್ಮಿಟ್ಟಿನ ಮಿತಿಯಷ್ಟು ಪ್ರಯಾಣಿಕರಿಗೆ ಮಾತ್ರ ವಿಮಾ ಕಂಪನಿ ಹೊಣೆ ಎಂದು 2007ರ ತೀರ್ಪಿದೆ. ಅದರಂತೆ, ಮೊತ್ತದಲ್ಲಿ ದೊಡ್ಡವಾದ ಅಷ್ಟು ಪರಿಹಾರಗಳನ್ನು ಕೂಡಿಸಿ, ಆ ಒಟ್ಟು ಹಣವನ್ನು ಎಲ್ಲರಿಗೂ ಹಂಚಬೇಕು, ಉಳಿದದ್ದನ್ನು ವಾಹನ ಮಾಲೀಕನಿಂದ ವಸೂಲು ಮಾಡಿಕೊಳ್ಳಬೇಕು. ಒಂದೇ ಗಾಡಿಯ ಮಾಲೀಕನಿಂದ ಅಂಥ ವಸೂಲಿ ಆಗುವುದು ಕಷ್ಟ. ವಿಮಾ ಒಪ್ಪಂದವನ್ನು ಮೀರಿ ಕಂಪನಿಯನ್ನು ಹೊಣೆ ಮಾಡಲಾಗದು ಎಂಬ ವಾದದಲ್ಲಿ ತಥ್ಯವಿದೆ. ಆದರೆ ಟೋಲ್ ನಾಕಾಗಳನ್ನೂ ಸಾರಿಗೆ ಇಲಾಖೆಯ ತಪಾಸಣೆಗಳನ್ನೂ ದಾಟಿ ಬಂದ ಹೆಚ್ಚುವರಿ ಹೊರೆಯ ಬೆಲೆಯನ್ನು, ಪರ್ಮಿಟ್ಟನ್ನು ಕಣ್ಣಿನಿಂದ ನೋಡಿರದ ಪ್ರಯಾಣಿಕನ ವಿಧವೆ ತೆರುವುದು ಅದಕ್ಕಿಂತ ದೊಡ್ಡ ಅನ್ಯಾಯ. ನಕಲಿ ಲೈಸೆನ್ಸಿನಂಥ ಪ್ರಕರಣಗಳಲ್ಲಿ ಕಂಪನಿ ಮೊದಲು ಕೊಟ್ಟು ನಂತರ ಮಾಲೀಕನಿಂದ ವಸೂಲು ಮಾಡಿಕೊಳ್ಳುವ ಪದ್ಧತಿ 2004ರಿಂದ ನೆಲೆಗೊಂಡಿದೆ. ಅದನ್ನು ಇಲ್ಲಿಗೂ ವಿಸ್ತರಿಸುವ ಶಾಸನ ಬೇಕು.

2019ರ ತಿದ್ದುಪಡಿ 2022ರ ಏಪ್ರಿಲ್ 1ರಿಂದ ಜಾರಿಗೆ ಬಂದು ಕಾಯ್ದೆಯ ಮುಖವನ್ನೇ ಬದಲಿಸಿತು. ತಪ್ಪು ಯಾರದೆಂದು ಸಾಬೀತು ಮಾಡದೆಯೇ ಸಾವಿಗೆ 5 ಲಕ್ಷ, ತೀವ್ರ ಗಾಯಕ್ಕೆ 2.5 ಲಕ್ಷ ಕೊಡುವ 164ನೇ ಸೆಕ್ಷನ್ ಬಂತು. ಒಳ್ಳೆಯದೇ, ಆದರೆ ಇದರಲ್ಲೊಂದು ಅಪಾಯವಿದೆ: ಈ ಹಣವನ್ನು ವಿಮಾ ಕಂಪನಿಯ ರಾಜಿಯ ಮೂಲಕ ಒಪ್ಪಿಕೊಂಡರೆ ನ್ಯಾಯಮಂಡಳಿಯ ಮುಂದಿನ ಅರ್ಜಿ ಅಲ್ಲಿಗೆ ರದ್ದಾಗುತ್ತದೆ. ಮುಖ್ಯಮಂತ್ರಿಯ 5 ಲಕ್ಷ, ಕಾಯ್ದೆಯ 5 ಲಕ್ಷ ಎರಡೂ ಒಂದೇ ಅಂಕಿಯಾದ್ದರಿಂದ, ಯಾವುದಕ್ಕೆ ಸಹಿ ಹಾಕಿದರೆ ಏನು ಬಿಟ್ಟುಕೊಟ್ಟಂತೆ ಎಂಬುದು ಓದು ಬಾರದ ತಾಯಿಗೆ ತಿಳಿಯುವುದಾದರೂ ಹೇಗೆ? ಅದೇ ತಿದ್ದುಪಡಿ ಅರ್ಜಿಗೆ ಆರು ತಿಂಗಳ ಗಡುವನ್ನು ಮರಳಿ ತಂದಿತು. ಗಡುವು ಮೀರಿತೆಂದು ಅರ್ಜಿಗಳನ್ನು ವಜಾ ಮಾಡಬಾರದೆಂದು ಸುಪ್ರೀಂ ಕೋರ್ಟ್ 2025ರ ನವೆಂಬರಿನಲ್ಲಿ ಮಧ್ಯಂತರ ಆದೇಶ ಕೊಡಬೇಕಾಯಿತು. ಇವೆಲ್ಲಕ್ಕೆ ಮದ್ದು 2022ರ ನಿಯಮಗಳಲ್ಲೇ ಇದೆ. ತನಿಖಾಧಿಕಾರಿ 48 ಗಂಟೆಯೊಳಗೆ ಮೊದಲ ಅಪಘಾತ ವರದಿಯನ್ನು ನ್ಯಾಯಮಂಡಳಿಗೂ ವಿಮಾ ಕಂಪನಿಗೂ ಕಳಿಸಬೇಕು. ಹತ್ತು ದಿನದೊಳಗೆ ಹಕ್ಕುಗಳ ವಿವರವಿರುವ ನಮೂನೆಯನ್ನು ಕುಟುಂಬಕ್ಕೆ ಕೊಡಬೇಕು. 50 ದಿನಕ್ಕೆ ಮಧ್ಯಂತರ ವರದಿ, 90 ದಿನಕ್ಕೆ ವಿವರ ವರದಿ ಸಲ್ಲಿಸಬೇಕು. ಆ ವಿವರ ವರದಿಯನ್ನೇ ಪರಿಹಾರದ ಅರ್ಜಿಯೆಂದು ನ್ಯಾಯಮಂಡಳಿ ಪರಿಗಣಿಸಬೇಕು, ವಿಮಾ ಕಂಪನಿಯ ಅಧಿಕಾರಿ 30 ದಿನದಲ್ಲಿ ತನ್ನ ನಿರ್ಧಾರ ತಿಳಿಸಬೇಕು. ಇದರಂತೆ ನಡೆಯಿರಿ ಎಂದು 2022ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟ್ ಎಲ್ಲ ರಾಜ್ಯಗಳಿಗೂ ನಿರ್ದೇಶಿಸಿತು. ನಿಯಮ ಪೂರ್ತಿ ಪಾಲನೆಯಾದರೆ ಎಫ್‌ಐಆರ್, ಸ್ಥಳ ಪಂಚನಾಮೆ, ಶವ ಪರೀಕ್ಷೆಯ ವರದಿ, ವಾಹನದ ಆರ್‌ಸಿ, ವಿಮಾ ಪಾಲಿಸಿಯ ಪ್ರತಿ ಎಂದು ಠಾಣೆಯಿಂದ ಠಾಣೆಗೆ ಅಲೆಯುವ ಕೆಲಸ ಕುಟುಂಬದ ಪಾಲಿಗೆ ಉಳಿಯುವುದಿಲ್ಲ.

ಅಪಘಾತ ಪರಿಹಾರದಲ್ಲಿ ಮೋಸ ಹೆಚ್ಚು, ಗಡುವು ಬಿಗಿಯಾಗಿರಲೇಬೇಕು ಎಂಬುದು ವಿಮಾ ಕಂಪನಿಗಳ ಹಳೆಯ ವಾದ. ಮೋಸ ಇಲ್ಲವೆನ್ನಲಾಗದು, ಉತ್ತರ ಪ್ರದೇಶದಲ್ಲಿ ನಕಲಿ ಅರ್ಜಿಗಳ ತನಿಖೆಗೆ 2015ರಲ್ಲಿ ಅಲಹಾಬಾದ್ ಹೈಕೋರ್ಟಿನ ಆದೇಶದಂತೆ ವಿಶೇಷ ತಂಡವೇ ರಚನೆಯಾಯಿತು. ಆದರೆ ಯಾವುದೋ ವಾಹನವನ್ನು ತಂದು ಸೇರಿಸುವ ಕೈಚಳಕ ನಡೆಯುವುದು ವರದಿ ತಡವಾದಾಗ. 48 ಗಂಟೆಯಲ್ಲಿ ಪೊಲೀಸರ ವರದಿ ನ್ಯಾಯಮಂಡಳಿ ತಲುಪಿದ್ದರೆ ಆಮೇಲೆ ವಾಹನ ಬದಲಿಸಲಾಗದು. ಆರು ತಿಂಗಳ ಗಡುವಿನಿಂದ ಸೋಲುವುದು ದಲ್ಲಾಳಿಯಲ್ಲ, ದಲ್ಲಾಳಿಯ ನೆರವಿಲ್ಲದ ಮನೆ. ಪರಿಹಾರ ಹೆಚ್ಚಿದರೆ ವಿಮೆಯ ಕಂತು ಏರುತ್ತದೆ ಎಂಬ ಇನ್ನೊಂದು ಆಕ್ಷೇಪಕ್ಕೆ, ಏರಲಿ ಎನ್ನುವುದೇ ನೇರ ಉತ್ತರ. ಮೂರನೆಯವರ ವಿಮೆಯ ಕಂತನ್ನು ಸರ್ಕಾರವೇ ನಿಗದಿ ಮಾಡುತ್ತದೆ. ರಸ್ತೆಯ ಅಪಾಯವನ್ನು ಎಲ್ಲ ವಾಹನ ಮಾಲೀಕರೂ ಸ್ವಲ್ಪ ಸ್ವಲ್ಪ ಹೊರದಿದ್ದರೆ ಸತ್ತವನ ಮನೆ ಒಂಟಿಯಾಗಿ ಹೊರುತ್ತದೆ. ಸಾರಿಗೆ ನಿಗಮಗಳು ಇದನ್ನು ಒಪ್ಪಿಕೊಂಡಿವೆ: ಮಹಾರಾಷ್ಟ್ರದ ನಿಗಮ 2016ರಿಂದ ಟಿಕೆಟ್ಟಿನ ಮೇಲೆ ಒಂದು ರೂಪಾಯಿ ಪಡೆದು ಅಪಘಾತ ನೆರವು ನಿಧಿಯಿಂದ ಮೃತರ ಕುಟುಂಬಕ್ಕೆ 10 ಲಕ್ಷ ಕೊಡುವ ವ್ಯವಸ್ಥೆ ಮಾಡಿತು, ಕರ್ನಾಟಕದ ಕೆಎಸ್‌ಆರ್‌ಟಿಸಿ 3 ಲಕ್ಷವಿದ್ದ ಮೊತ್ತವನ್ನು 2024ರ ಜನವರಿ 1ರಿಂದ 10 ಲಕ್ಷಕ್ಕೆ ಏರಿಸಿತು.

ಡಿಕ್ಕಿ ಹೊಡೆದು ಪರಾರಿಯಾದ ವಾಹನ ಸಿಗದೇ ಹೋದಾಗ ಸಾವಿಗೆ 2 ಲಕ್ಷ, ತೀವ್ರ ಗಾಯಕ್ಕೆ 50,000 ರೂಪಾಯಿ ಕೊಡುವ ಯೋಜನೆ ಇದೆ. ಉಪವಿಭಾಗಾಧಿಕಾರಿ ಅಥವಾ ತಹಶೀಲ್ದಾರರು ವಿಚಾರಿಸಿ, ಜಿಲ್ಲಾಧಿಕಾರಿ ಮಂಜೂರು ಮಾಡುತ್ತಾರೆ. ಕುಟುಂಬವೇ ಬಂದು ಕೇಳಲಿ ಎಂದು ಬಿಟ್ಟರೆ ಏನಾಗುತ್ತದೆ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. 2022ರಲ್ಲಿ ದೇಶದಲ್ಲಿ ಇಂಥ 67,387 ಅಪಘಾತಗಳಾದರೆ, 2022–23ರಲ್ಲಿ ಬಂದ ಅರ್ಜಿಗಳು 205, ಇತ್ಯರ್ಥವಾದವು 95. 2024ರ ಜನವರಿಯ ಸುಪ್ರೀಂ ಕೋರ್ಟ್ ಆದೇಶ ಈ ಅಂಕಿಗಳನ್ನು ಮುಂದಿಟ್ಟೇ, ಯೋಜನೆಯ ವಿಷಯವನ್ನು ಪೊಲೀಸರು ಕುಟುಂಬಕ್ಕೆ ಲಿಖಿತವಾಗಿ ತಿಳಿಸಬೇಕೆಂದು ಕಟ್ಟಪ್ಪಣೆ ಮಾಡಿತು. ತನ್ನದೇ ಅಜಾಗರೂಕತೆಯಿಂದ ಸತ್ತ ಚಾಲಕನ ಮನೆಗೆ ನ್ಯಾಯಮಂಡಳಿಯ ದಾರಿಯಿಲ್ಲ. ಅರಸೀಕೆರೆ ಬಳಿಯ 2014ರ ಅಪಘಾತದ ಪ್ರಕರಣದಲ್ಲಿ ಕರ್ನಾಟಕ ಹೈಕೋರ್ಟಿನ ಈ ನಿಲುವನ್ನು ಸುಪ್ರೀಂ ಕೋರ್ಟ್ 2025ರ ಜುಲೈನಲ್ಲಿ ಎತ್ತಿಹಿಡಿಯಿತು. ಅಂಥವರಿಗೆ ಉಳಿಯುವುದು ಮಾಲೀಕ-ಚಾಲಕನ 15 ಲಕ್ಷದ ವೈಯಕ್ತಿಕ ಅಪಘಾತ ವಿಮೆ, ರೈತರಾದರೆ ಮಹಾರಾಷ್ಟ್ರದ ಗೋಪಿನಾಥ ಮುಂಡೆ ಶೇತಕರಿ ಅಪಘಾತ ಯೋಜನೆಯ 2 ಲಕ್ಷ.

ಶಿರಡಿ, ತ್ರ್ಯಂಬಕಗಳಿಗೆ ಹೋಗುವ ಕನ್ನಡಿಗರೂ ತಿಳಿದಿರಬೇಕಾದ ಸಂಗತಿಯೊಂದಿದೆ. 166ನೇ ಸೆಕ್ಷನ್ ಪ್ರಕಾರ ಅರ್ಜಿಯನ್ನು ಅಪಘಾತ ನಡೆದಲ್ಲೇ ಹಾಕಬೇಕೆಂದಿಲ್ಲ. ಅರ್ಜಿದಾರರು ವಾಸಿಸುವ ಊರಿನ ನ್ಯಾಯಮಂಡಳಿಯಲ್ಲೂ ಹಾಕಬಹುದು. ವೈಜಾಪುರದಲ್ಲಿ ಸತ್ತವರ ಮನೆಯವರಿಗೆ ನಾಸಿಕ್ ಸಾಕು. ಅಲ್ಲೇ ಕಲಬುರಗಿಯ ಯಾತ್ರಿಕರು ಸತ್ತರೆ ಕಲಬುರಗಿ ಸಾಕು. ಆಯ್ಕೆಗೆ ಪರಿಣಾಮವೂ ಇದೆ. ಸಂಭಾಜಿನಗರದ ತೀರ್ಪಿನ ಮೇಲಿನ ಮೇಲ್ಮನವಿ ಅದೇ ಊರಿನ ಬಾಂಬೆ ಹೈಕೋರ್ಟ್ ಪೀಠಕ್ಕೆ ಹೋದರೆ, ನಾಸಿಕ್‌ನದು ಮುಂಬೈಗೆ ಹೋಗುತ್ತದೆ. ತೀರ್ಪಾದ ಮೇಲೂ ಹಣ ಮನೆ ಸೇರುವುದು ಖಚಿತವಲ್ಲ. ಅಪ್ರಾಪ್ತ ಮಕ್ಕಳ ಪಾಲು ಠೇವಣಿಯಲ್ಲಿ ಕೂರುತ್ತದೆ, ವಿಳಾಸ ಬದಲಾಗುತ್ತದೆ, ವಕೀಲರ ಸಂಪರ್ಕ ತಪ್ಪುತ್ತದೆ. ಯಾರೂ ಪಡೆಯದೆ ನ್ಯಾಯಮಂಡಳಿಗಳಲ್ಲಿ ಕೊಳೆಯುತ್ತಿರುವ ಹಣವನ್ನು ಕಂಡು ಸುಪ್ರೀಂ ಕೋರ್ಟ್ 2025ರ ಏಪ್ರಿಲ್‌ನಲ್ಲಿ, ಅರ್ಜಿಯ ಹಂತದಲ್ಲೇ ಆಧಾರ್ ಮತ್ತು ಬ್ಯಾಂಕ್ ಖಾತೆಯ ವಿವರ ಪಡೆಯಬೇಕು, ಹಣವನ್ನು ನೇರ ಖಾತೆಗೆ ಹಾಕಬೇಕು ಎಂದು ನಿರ್ದೇಶನ ಕೊಟ್ಟಿತು.

ಈ ವಿವರಗಳನ್ನು ಸಂಗ್ರಹಿಸಲು ಹೊಸ ಯಂತ್ರವೇನೂ ಬೇಕಿಲ್ಲ. ಮುಖ್ಯಮಂತ್ರಿಯ ನೆರವು ಘೋಷಣೆಯಾದ ಮೇಲೆ ಕಂದಾಯ ಇಲಾಖೆಯವರು ವಾರಸುದಾರರ ಹೆಸರು, ಅವರ ವಯಸ್ಸು, ಆಧಾರ್, ಬ್ಯಾಂಕ್ ಖಾತೆ ಎಲ್ಲವನ್ನೂ ಬರೆದುಕೊಳ್ಳುತ್ತಾರೆ. 2022ರ ನಿಯಮಗಳ ಆರನೇ ನಮೂನೆ ಕುಟುಂಬದಿಂದ ಕೇಳುವುದು ಬಹುಪಾಲು ಇವನ್ನೇ, ಜೊತೆಗೆ ಮೃತರ ಉದ್ಯೋಗ ಮತ್ತು ಆದಾಯ. ತಲಾಠಿ (ಗ್ರಾಮ ಲೆಕ್ಕಿಗ) ಆ ನಮೂನೆಯನ್ನೂ ಮನೆಗೆ ಒಯ್ದು, ನೆರೆಯವರನ್ನೂ ಕೆಲಸ ಕೊಡುತ್ತಿದ್ದವರನ್ನೂ ಕೇಳಿ ಕೂಲಿಯ ದರವನ್ನು ಪಂಚನಾಮೆಯಲ್ಲಿ ದಾಖಲಿಸಿ, ಒಂದು ಪ್ರತಿಯನ್ನು ಠಾಣೆಗೂ ಇನ್ನೊಂದನ್ನು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೂ ಕಳಿಸುವಂತೆ ಜಿಲ್ಲಾಧಿಕಾರಿ ಒಂದು ಸುತ್ತೋಲೆ ಹೊರಡಿಸಿದರೆ ಸಾಕು. 8,000ವೋ 12,000ವೋ ಎಂಬ ಪ್ರಶ್ನೆಗೆ ನೆನಪು ಹಸಿಯಾಗಿರುವಾಗಲೇ ಉತ್ತರ ದಾಖಲೆಗೆ ಸೇರುತ್ತದೆ.